ಅಪ್ಪನನ್ನು ಕೂರಿಸಿದ ಮಣ್ಣು

ನನ್ನ ಕೆಲಸವೇನೆಂದು ಯಾರಾದರೂ ಕೇಳಿದರೆ ಮೊದಲು ಕೇಳಿದವರ ಮುಖ ನೋಡುತ್ತೇನೆ. ವಿಶ್ವವಿದ್ಯಾಲಯದವರಾದರೆ ಪ್ರಾಚೀನ ಈಜಿಪ್ಟಿನ ಗೋರಿಗಳ ಅಧ್ಯಯನ ಎನ್ನುತ್ತೇನೆ. ಹ್ಯೂಸ್ಟನ್ ಪಕ್ಕದ ಶುಗರ್ ಲ್ಯಾಂಡಿನ ನಮ್ಮ ಕನ್ನಡದ ಮಂದಿಯಾದರೆ ಹಿಸ್ಟರಿ ಪಾಠ ಮಾಡುತ್ತೇನೆಂದು ಹೇಳಿ ಮಾತು ಬದಲಿಸುತ್ತೇನೆ. ಒಮ್ಮೆ ಅಣ್ಣನ ಮನೆಯ ದೀಪಾವಳಿ ಊಟದಲ್ಲಿ ನಿಜ ಹೇಳಿ ಕೆಟ್ಟಿದ್ದೆ. ಮೈಸೂರಿನ ಕಡೆಯ ಆಂಟಿಯೊಬ್ಬರು ನಾನು ನೀಡಿದ ಹೋಳಿಗೆ ತಟ್ಟೆಯನ್ನು ತೆಗೆದುಕೊಳ್ಳುವ ಮೊದಲು ನನ್ನ ಕೈಯನ್ನೇ ಒಂದು ಗಳಿಗೆ ನೋಡಿದರು.

"ಅಲ್ಲಿಂದ ಬಂದ್ಮೇಲೆ ಸ್ನಾನ ಗೀನ ಎಲ್ಲಾ ಮಾಡ್ತೀರಲ್ವಾ?" ಎಂದು ಕೇಳಿದರು.

"ಮಾಡ್ತೀನ್ರಿ ಆಂಟಿ, ಸೋಪೂ ಹಚ್ಚತೀನ್ರಿ" ಎಂದೆ. ಎಲ್ಲರೂ ನಕ್ಕರು. ವೈನಿ, ಅಂದರೆ ಅಣ್ಣನ ಹೆಂಡತಿ, ನಗಲಿಲ್ಲ. ಆ ದಿನದಿಂದ ಅಣ್ಣ ನನ್ನನ್ನು ಹಿಸ್ಟರಿ ಪ್ರೊಫೆಸರ್ ಎಂದು ಪರಿಚಯಿಸತೊಡಗಿದ. ಅವನು ಕಿಡ್ನಿ ಡಾಕ್ಟರು. ಅವನ ಗೌರವಕ್ಕೆ ನಾನೇಕೆ ಮಸಿ ಬಳಿಯಲಿ ಎಂದು ನಾನೂ ಅದನ್ನೇ ರೂಢಿಸಿಕೊಂಡೆ.

ನನ್ನ ಹತ್ತಿರ ಒಂದು ಸಬೂಬೂ ಸಿದ್ಧವಿತ್ತು. ನಾನು ಹೆಣ ಮುಟ್ಟುವವಳಲ್ಲ, ಗೋಡೆ ಓದುವವಳು. ಈಜಿಪ್ಟಿನ ಲಕ್ಸರ್ ಊರಿನ ನದಿಯಾಚೆಯ ಗುಡ್ಡಗಳಲ್ಲಿ ಬಂಡೆ ಕೊರೆದು ಮಾಡಿದ ಗೋರಿಗಳಿವೆ. ಅವುಗಳ ಗೋಡೆಯ ತುಂಬ ಚಿತ್ರ, ಬರಹ. ಚಳಿಗಾಲದಲ್ಲಿ ಅಲ್ಲಿ ಏಣಿ ಹತ್ತಿ ಕೂತು, ಕನ್ನಡಿಯಿಂದ ಬೆಳಕು ಹಾಯಿಸಿ, ಒಂದೊಂದು ಗೆರೆಯನ್ನೂ ನಕಲು ಮಾಡುವುದು ನನ್ನ ಕೆಲಸ. ಕಳ್ಳರು ಯಾವ ಕಾಲದಲ್ಲೋ ಎಳೆದು ಚೆಲ್ಲಿದ ಎಲುಬುಗಳು ಒಳಗಿರುತ್ತವೆ. ಅವನ್ನು ಬೇರೆಯವರು ಬಗೆಬಗೆಯಾಗಿ ವಿಂಗಡಿಸಿ ಪೆಟ್ಟಿಗೆಗೆ ತುಂಬುತ್ತಾರೆ. ನಾನು ಆ ಪೆಟ್ಟಿಗೆಗಳನ್ನು ದಾಟಿಕೊಂಡು ನನ್ನ ಗೋಡೆಗೆ ಹೋಗುತ್ತೇನೆ. ಮನೆ ಹೊಕ್ಕವಳು ಯಜಮಾನನನ್ನು ಮಾತಾಡಿಸದೆ ಗೋಡೆ ನೋಡಿದೆ ಎಂದರೆ ಅದೇನು ದೊಡ್ಡ ಮರ್ಯಾದೆಯೋ, ನನಗೆ ಆಗ ಹೊಳೆದಿರಲಿಲ್ಲ.

ಈ ಹುಚ್ಚು ಹತ್ತಿದ್ದು ಹೇಗೆ ಎಂದು ಕೇಳುವವರಿಗೆ, ಚಿಕ್ಕಂದಿನಲ್ಲಿ ಪಿರಮಿಡ್ಡಿನ ಚಿತ್ರವಿದ್ದ ಪುಸ್ತಕವೊಂದು ಸಿಕ್ಕಿತ್ತು ಎಂದು ಹೇಳುತ್ತೇನೆ. ಅದು ಸುಳ್ಳು. ನಾವು ಗದಗಿನ ಲಿಂಗಾಯತರು. ನಮ್ಮಲ್ಲಿ ಸತ್ತವರನ್ನು ಸುಡುವುದಿಲ್ಲ, ಮಣ್ಣು ಮಾಡುತ್ತೇವೆ, ಅದೂ ಕೂರಿಸಿ. ಅಜ್ಜ ತೀರಿಕೊಂಡಾಗ ನಾನು ಇನ್ನೂ ಸಾಲಿಗೆ ಹೋಗುತ್ತಿರಲಿಲ್ಲ. ಅಜ್ಜನನ್ನು ಕಾಲು ಮಡಚಿಸಿ ಗೋಡೆಗೆ ಒರಗಿಸಿ ಕೂರಿಸಿದ್ದರು. ತಲೆ ವಾಲದಂತೆ ಬಿಳಿ ಬಟ್ಟೆಯಿಂದ ಕಟ್ಟಿದ್ದರು. ಹಣೆ ತುಂಬ ವಿಭೂತಿ. ಭಜನೆಯವರು ಬಂದು ಹಾಡುತ್ತಿದ್ದರು. ಅಜ್ಜ ಎಂದಿನಂತೆ ಮಧ್ಯಾಹ್ನದ ತೂಕಡಿಕೆಯಲ್ಲಿದ್ದಾನೆ ಎಂದೇ ನಾನು ತಿಳಿದಿದ್ದೆ. ಕುಣಿಯ ಒಳಗೆ ಪಕ್ಕದ ಗೋಡೆಯಲ್ಲಿ ಒಂದು ಗೂಡು ಕೊರೆದಿದ್ದರು. ಅದರಲ್ಲಿ ಅವನನ್ನು ಕೂರಿಸಿ, ಕೊರಳಲ್ಲಿದ್ದ ಲಿಂಗವನ್ನು ಅಂಗೈಯಲ್ಲಿಟ್ಟು, ಮಣ್ಣು ಎಳೆದರು. ಆಮೇಲೆ ಎಷ್ಟೋ ದಿನ ನಾನು ಅಪ್ಪನನ್ನು ಕೇಳುತ್ತಿದ್ದೆ, ಅಜ್ಜ ಅಲ್ಲಿ ಇನ್ನೂ ಕುಂತಾನೇನು ಎಂದು. "ಕುಂತಾನ. ನಾವು ಗದ್ದಲ ಮಾಡಬಾರದು" ಎನ್ನುತ್ತಿದ್ದ ಅಪ್ಪ.

ಇದನ್ನು ಆಸ್ಟಿನ್ನಿನಲ್ಲಿ ಕೆಲಸಕ್ಕೆ ಸೇರಿದ ಹೊಸತರಲ್ಲಿ ಒಬ್ಬ ಹಿರಿಯ ಪ್ರಾಧ್ಯಾಪಕರ ಮುಂದೆ ಕಾಫಿ ಕುಡಿಯುತ್ತ ಹೇಳಿಬಿಟ್ಟೆ. ಅವರು ಕಪ್ಪು ಕೆಳಗಿಟ್ಟರು. ಕಣ್ಣು ಅರಳಿತು. ಇದನ್ನು ಖಂಡಿತ ಬರೆಯಬೇಕು, ತೌಲನಿಕ ಅಧ್ಯಯನಕ್ಕೆ ಒಳ್ಳೆಯ ಸಾಮಗ್ರಿ ಎಂದರು. ನನ್ನ ಅಜ್ಜ ಸಾಮಗ್ರಿಯಾದ. ಅವರ ತಪ್ಪೇನೂ ಇಲ್ಲ, ನಾನು ದಿನಬೆಳಗಾದರೆ ಬೇರೆಯವರ ಅಜ್ಜಂದಿರಿಗೆ ಮಾಡುತ್ತಿದ್ದುದೂ ಅದನ್ನೇ. ಆದರೂ ಬಟ್ಟೆ ಬದಲಿಸುವಾಗ ಯಾರೋ ಬಾಗಿಲು ತೆಗೆದಂತೆ ನಾಚಿಕೆಯಾಯಿತು. ಪುಸ್ತಕದ ಕತೆ ಕಟ್ಟಿಕೊಂಡದ್ದು ಅದಾದ ಮೇಲೆ.

ಅವ್ವ ತೀರಿಕೊಂಡ ಮೇಲೆ ಅಪ್ಪ ಗದಗಿನ ಹತ್ತಿ ದಲಾಲಿ ಅಂಗಡಿಯನ್ನು ಚಿಕ್ಕಪ್ಪನಿಗೆ ಬಿಟ್ಟು ಶುಗರ್ ಲ್ಯಾಂಡಿಗೆ ಬಂದಿದ್ದ. ಅಣ್ಣನ ಮಕ್ಕಳಿಗೆ ಅವನ ಕನ್ನಡ ತಿಳಿಯುತ್ತಿತ್ತು, ಉತ್ತರ ಮಾತ್ರ ಇಂಗ್ಲಿಷಿನಲ್ಲಿ ಬರುತ್ತಿತ್ತು. ಅವನಿಗೆ ಅದರಿಂದ ಬೇಸರವೇನೂ ಇರಲಿಲ್ಲ. ಮುಂಬಯಿಯ ಗಿರಣಿಯವರ ಜೊತೆ ವ್ಯವಹಾರ ಮಾಡಿ ಕಲಿತ ಇಂಗ್ಲಿಷನ್ನು ಅವರ ಮೇಲೆ ಧಾರಾಳವಾಗಿ ಪ್ರಯೋಗಿಸುತ್ತಿದ್ದ. ವರ್ಷಕ್ಕೆ ಕೆಲವು ಸಲ ಆಸ್ಟಿನ್ನಿನಲ್ಲಿ ನನ್ನ ಜೊತೆ ಇರಲು ಬರುತ್ತಿದ್ದ.

ಕೈರೋದ ಚೌಕದಲ್ಲಿ ಜನ ಸೇರಿ ಸರ್ಕಾರ ಉರುಳಿಸಿದ ಆ ವರ್ಷ ನಮ್ಮ ತಂಡಕ್ಕೆ ಲಕ್ಸರಿಗೆ ಹೋಗಲಾಗಲಿಲ್ಲ. ಕೈ ಖಾಲಿಯಾಗಿ, ಕರೆದಲ್ಲೆಲ್ಲ ಉಪನ್ಯಾಸ ಕೊಡುತ್ತ ತಿರುಗಿದೆ. ಹಾಗೊಂದು ಉಪನ್ಯಾಸ ಡಲ್ಲಾಸಿನಲ್ಲಿತ್ತು. ಅಪ್ಪ ನನ್ನ ಮನೆಯಲ್ಲಿದ್ದ. "ನಾನೂ ಬರ್ತೀನಿ. ನೀ ಮಾಡೂದರ ಏನು ಅಂತ ಒಮ್ಮೆ ನೋಡೂಣು" ಎಂದು ಹೊರಟೇಬಿಟ್ಟ. ಇಸ್ತ್ರಿ ಮಾಡಿದ ಧೋತರ, ಕರಿ ಕೋಟು, ಟೊಪ್ಪಿಗೆ ಹಾಕಿಕೊಂಡು ಮೊದಲ ಸಾಲಿನಲ್ಲಿ ಕೂತ.

ಆವತ್ತು ನಾನು ತೋರಿಸಿದ್ದು ಒಬ್ಬ ಕಣಜದ ಅಧಿಕಾರಿಯ ಗೋರಿ. ಗೋಡೆಯ ಮೇಲೆ ಧಾನ್ಯ ಅಳೆಯುವವರು, ಚೀಲ ಹೊರುವವರು, ಜಗಳವಾಡುವ ಹಮಾಲರು. ಅಪ್ಪ ಖುಷಿಯಿಂದ ತಲೆಯಾಡಿಸುವುದು ವೇದಿಕೆಗೂ ಕಾಣುತ್ತಿತ್ತು. ಆಮೇಲೆ ಒಳಕೋಣೆಯ ಚಿತ್ರ ಬಂತು. ಮುಚ್ಚಿದ್ದ ಕಲ್ಲುಬಾಗಿಲು, ಅದನ್ನು ಒಡೆದು ಒಳಗೆ ಹೋದದ್ದು, ಪೆಟ್ಟಿಗೆಯಲ್ಲಿ ಇದ್ದವನು. ಪ್ರಶ್ನೆ ಕೇಳುವ ಹೊತ್ತಿಗೆ ಮೊದಲು ಎದ್ದದ್ದು ಆ ಟೊಪ್ಪಿಗೆ. ಮೈಕು ತೆಗೆದುಕೊಂಡು ತನ್ನ ಗಿರಣಿ ಇಂಗ್ಲಿಷಿನಲ್ಲಿ ಕೇಳಿದ: ಮೇಡಂ, ಈ ಮನುಷ್ಯ ಒಳಗೆ ಹೋಗಿ ಬಾಗಿಲು ಹಾಕಿಕೊಂಡಿದ್ದಾನೆ. ನೀವು ಯಾರನ್ನು ಕೇಳಿ ತೆಗೆದಿರಿ?

ಈಜಿಪ್ಟ್ ಸರ್ಕಾರದ ಪರವಾನಗಿ ಇದೆ ಎಂದೆ.

ಸರ್ಕಾರ ಅವನ ಸಂಬಂಧಿಕನಲ್ಲವಲ್ಲ ಎಂದ ಅಪ್ಪ.

ಸಭೆ ಗೊಳ್ಳೆಂದು ನಕ್ಕಿತು. ನನಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು. ಅವನ ಉಚ್ಚಾರಕ್ಕೆ, ಟೊಪ್ಪಿಗೆಗೆ, ಧೋತರಕ್ಕೆ, ಎಲ್ಲಕ್ಕೂ ಒಮ್ಮೆಲೇ ನಾಚಿಕೆಯಾಯಿತು. ಮೊದಲ ಸಾಲಿನ ಜಂಟಲ್‌ಮನ್ ಬಹಳ ಒಳ್ಳೆಯ ಪ್ರಶ್ನೆ ಕೇಳಿದ್ದಾರೆ ಎಂದು ಹೇಳಿ ನಗುತ್ತ ಮುಂದಿನವರ ಕಡೆ ಕೈ ತೋರಿಸಿದೆ. ಅವನು ನನ್ನಪ್ಪ ಎಂದು ಹೇಳಲಿಲ್ಲ. ಚಹಾದ ಹೊತ್ತಿನಲ್ಲೂ ಹೇಳಲಿಲ್ಲ. ಅವನು ದೂರದಲ್ಲಿ ಬಿಸ್ಕೀಟು ತಿನ್ನುತ್ತ, ನಾನು ಜನರಿಂದ ಬಿಡುವು ಪಡೆದು ಬರಲಿ ಎಂದು ಕಾಯುತ್ತಿದ್ದ.

ಕಾರಿನಲ್ಲಿ ಬಹಳ ದೂರ ಬಂದ ಮೇಲೆ ಅವನೇ ಮಾತು ತೆಗೆದ. "ಜಂಟಲ್‌ಮನ್ ಅಂದಿ ನೋಡು ನನಗ. ಗದಗಿನಾಗ ಇಷ್ಟು ವರ್ಷ ವ್ಯಾಪಾರ ಮಾಡೀನಿ, ಒಬ್ಬ ಮಗಾನೂ ಅಂದಿದ್ದಿಲ್ಲ." ಕುಹಕವಿರಲಿಲ್ಲ ಅದರಲ್ಲಿ. ಇದ್ದಿದ್ದರೆ ನಾನೂ ಒಂದು ಮಾತು ಆಡಿ ಹಗುರಾಗುತ್ತಿದ್ದೆ.

ಟೆಂಪಲ್ ಎಂಬ ಊರು ದಾಟಿದ ಮೇಲೆ ಹೈವೇಯಲ್ಲಿ ಏನೋ ಆಕ್ಸಿಡೆಂಟಾಗಿ ಗಾಡಿಗಳು ನಿಂತುಬಿಟ್ಟಿದ್ದವು. ನಾನು ಒಳದಾರಿ ಹಿಡಿದು ಟೇಲರ್ ಊರಿನ ಕಡೆಯಿಂದ ಬಂದೆ. ಎರಡೂ ಬದಿಗೆ ಹೊಲ. ಹತ್ತಿ ಬಿಡಿಸಿ ಮುಗಿದಿತ್ತು. ರಸ್ತೆಯಂಚಿನ ಹುಲ್ಲಿನಲ್ಲಿ ಅಲ್ಲಲ್ಲಿ ಬಿಳಿ ಎಳೆ ಸಿಕ್ಕಿಕೊಂಡಿತ್ತು. "ತಡಿ ತಡಿ, ಗಾಡಿ ನಿಂದ್ರಸು" ಎಂದ ಅಪ್ಪ. ಇಳಿದು, ಧೋತರದ ಚುಂಗು ಎತ್ತಿ ಹಿಡಿದು, ಬೇಲಿಯ ಹತ್ತಿರ ಹೋಗಿ ಒಂದು ಹೆಂಟೆ ಎತ್ತಿದ. ಕಪ್ಪು ಮಣ್ಣು. ಪುಡಿ ಮಾಡಿದ, ಮೂಸಿದ, ನಾಲಿಗೆಗೂ ಹಚ್ಚಿದ. ಅಮೆರಿಕಕ್ಕೆ ಬಂದ ಮೇಲೆ ಅವನ ಮುಖದಲ್ಲಿ ಅಂಥ ಹಿಗ್ಗನ್ನು ನಾನು ನೋಡಿರಲಿಲ್ಲ.

"ಎರಿ ಮಣ್ಣು! ನಮ್ಮ ಹೊಲದ್ದ ಐತಿ, ಯಾವಾಗ ಬಂತ ಇಲ್ಲಿಗೆ?" ಎಂದ. ಆಮೇಲೆ ಕೈ ಝಾಡಿಸಿಕೊಳ್ಳುತ್ತ, ನಾಳೆಯ ಊಟಕ್ಕೆ ಏನು ಮಾಡಬೇಕು ಎಂದು ಹೇಳುವಷ್ಟು ಸಲೀಸಾಗಿ ಹೇಳಿದ. "ಯವ್ವಾ, ನಾ ಹ್ವಾದ ಮ್ಯಾಲೆ ನನ್ನ ಸುಡಬ್ಯಾಡ್ರಿ. ಇಂಥಾ ಮಣ್ಣಾಗ ಕುಂದ್ರಸ್ರಿ. ಮತ್ತ ನನ್ನ ಯಾರೂ ತೆಗೀಬಾರದು. ನಿಮ್ಮಣ್ಣ ಬದುಕಿದ್ದವರ ಡಾಕ್ಟರು. ಇದು ನಿನ್ನ ಇಲಾಖೆ, ಅದಕ್ಕ ನಿನಗ ಹೇಳೀನಿ."

"ಆತಪಾ" ಎಂದೆ. ಅವನನ್ನು ಕಾರು ಹತ್ತಿಸಿಕೊಂಡೆ. ಅಣ್ಣನಿಗೆ ಹೇಳಲಿಲ್ಲ. ಅಪ್ಪ ಗಟ್ಟಿಯಾಗಿದ್ದ, ಸಾಯುವ ಮಾತು ಎತ್ತಿದರೆ ಅಣ್ಣ ಗದರುತ್ತಿದ್ದ, ಅದೂ ಅಲ್ಲದೆ, ಗೋರಿಯ ವಿಷಯ ನಾನು ಎತ್ತಿದರೆ ಆ ಮನೆಯಲ್ಲಿ ಯಾರಿಗೂ ಸೇರುತ್ತಿರಲಿಲ್ಲ.

ಆ ಹೊಲಗಳ ನಡುವೆಯೇ ಹುಬ್ಬಳ್ಳಿಯ ಅಂಕಲ್ ಒಬ್ಬರದು ಜಮೀನಿತ್ತು ಎಂಬುದು ಆಮೇಲೆ ತಿಳಿಯಿತು. ಗ್ಯಾಸ್ ಸ್ಟೇಶನ್‌ಗಳನ್ನು ನಡೆಸುತ್ತಿದ್ದ ಅವರು ಊರಿನ ನೆನಪಿಗೆಂದು ಹತ್ತಿ ಹೊಲ ಕೊಂಡು ಅಲ್ಲಿನ ರೈತನೊಬ್ಬನಿಗೆ ಲಾವಣಿಗೆ, ಅಂದರೆ ಗೇಣಿಗೆ, ಕೊಟ್ಟಿದ್ದರು. ಕನ್ನಡ ಸಂಘದ ಯುಗಾದಿಯಲ್ಲಿ ಅಪ್ಪನಿಗೂ ಅವರಿಗೂ ಗಂಟು ಬಿತ್ತು. ಮುಂದೆ ಅಪ್ಪ ಆಸ್ಟಿನ್ನಿಗೆ ಬಂದಾಗಲೆಲ್ಲ ನನ್ನ ಹತ್ತಿರ ಒಂದು ದಿನವಿದ್ದರೆ ಅವರ ಹೊಲದ ಬದುವಿನಲ್ಲಿ ಎರಡು ದಿನ. ಇಬ್ಬರೂ ಮಡಚುವ ಕುರ್ಚಿಯಲ್ಲಿ ಕೂತು ಚೂಡಾ ತಿನ್ನುತ್ತ ಟ್ರಂಪ್ ಬಗ್ಗೆ, ಹತ್ತಿ ಧಾರಣಿ ಬಗ್ಗೆ ಜಗಳವಾಡುತ್ತಿದ್ದರು.

ಅಪ್ಪ ಹೋದದ್ದು ಒಂದು ಆಗಸ್ಟಿನ ಬೆಳಿಗ್ಗೆ, ಹ್ಯೂಸ್ಟನ್ನಿನ ಆಸ್ಪತ್ರೆಯಲ್ಲಿ. ಶ್ವಾಸಕೋಶದಲ್ಲಿ ನೀರು ತುಂಬಿತ್ತು. ಅಣ್ಣ, ವೈನಿ, ನಾನು ಮೂವರೂ ಹತ್ತಿರವಿದ್ದೆವು. ನರ್ಸ್ ಯಂತ್ರಗಳ ಸದ್ದು ನಿಲ್ಲಿಸಿ, ಹಾಸಿಗೆಯ ತಲೆಭಾಗ ಇಳಿಸಿ ಅವನನ್ನು ಉದ್ದಕ್ಕೆ ಮಲಗಿಸಿ, ಎದೆಯವರೆಗೆ ಚಾದರ ಹೊದಿಸಿ, ಬೇಕಾದಷ್ಟು ಹೊತ್ತು ಇರಿ ಎಂದು ಹೇಳಿ ಹೋದಳು. ನಾವು ಇದ್ದೆವು. ಅತ್ತೆವು. ಆಮೇಲೆ ಫೋನುಗಳು ಶುರುವಾದವು. ಅಣ್ಣ ಕಾರಿಡಾರಿನಲ್ಲಿ ಫ್ಯುನರಲ್ ಹೋಮಿನವರ ಜೊತೆ ಮಾತಾಡುತ್ತಿದ್ದ, ವೈನಿ ಶುಗರ್ ಲ್ಯಾಂಡಿನ ಮನೆಮನೆಗೂ ಸುದ್ದಿ ಮುಟ್ಟಿಸುತ್ತಿದ್ದಳು. ನಾನು ಊರಿಗೆ ಫೋನು ಮಾಡುವುದನ್ನು ವಹಿಸಿಕೊಂಡೆ. ಹೊತ್ತು ಹೋದದ್ದು ಗೊತ್ತಾಗಲಿಲ್ಲ.

ಗದಗಿನಲ್ಲಿ ಅಪ್ಪನ ತಂಗಿ ಇದ್ದಾಳೆ, ನಮ್ಮ ಅತ್ತಿ. ಅವಳು ಒಂದಿಷ್ಟು ಅತ್ತಳು. ಆಮೇಲೆ ಮೂಗು ಒರೆಸಿಕೊಂಡು ಕೇಳಿದಳು, "ಅಣ್ಣನ್ನ ಕುಂದ್ರಿಸೀರಿಲ್ಲವಾ?"

ನಾನು ತಿರುಗಿ ನೋಡಿದೆ. ಅಪ್ಪ ಉದ್ದಕ್ಕೆ ಮಲಗಿದ್ದ, ಕಾಲು ನೀಟಾಗಿ ಜೋಡಿಸಿಕೊಂಡು.

ನಮ್ಮಲ್ಲಿ ಉಸಿರು ನಿಂತ ಕೂಡಲೇ ಮೊದಲು ಮಾಡುವುದು ಅದು. ಅಳುವುದು ಆಮೇಲೆ. ಮೈ ಬಿಗಿಯುವ ಮೊದಲು ಕಾಲು ಮಡಚಿ ಕೂರಿಸಬೇಕು. ಗದಗಿನ ಯಾವ ಮನೆಯಲ್ಲೂ ಇದನ್ನು ಯಾರೂ ಯಾರಿಗೂ ಹೇಳಿಕೊಡುವುದಿಲ್ಲ. ನಾನು ಕೈ ಮುಟ್ಟಿ ನೋಡಿದೆ. ಮೊಣಕಾಲು ಆಗಲೇ ಬಿಗಿಯತೊಡಗಿತ್ತು. ಸಾವಿರಾರು ವರ್ಷಗಳ ಹಿಂದೆ ಮರಳಿನಲ್ಲಿ ಕಾಲು ಮಡಚಿ ಹೂತವರ ಬಗ್ಗೆ ನಾನು ಇಡೀ ಒಂದು ಸೆಮಿಸ್ಟರ್ ಪಾಠ ಮಾಡುತ್ತೇನೆ. ಹೂಳುವವರು ಎಷ್ಟು ಬೇಗ ಕೈ ಹಚ್ಚಿರಬೇಕು ಎಂದು ಹುಡುಗರಿಗೆ ಪರೀಕ್ಷೆಯಲ್ಲಿ ಪ್ರಶ್ನೆ ಕೊಡುತ್ತೇನೆ. ನನ್ನ ಅಪ್ಪನ ಮುಂದೆ ಬೆಳಗಿನಿಂದ ಕೂತಿದ್ದವಳಿಗೆ ಅದು ನೆನಪಾಗಲಿಲ್ಲ.

"ಇಲ್ಲಿ ಆಸ್ಪತ್ರೆಯಾಗ ಬಿಡೂದಿಲ್ಲತ್ತಿ" ಎಂದು ಫೋನಿನಲ್ಲಿ ಸುಳ್ಳು ಹೇಳಿದೆ. ಯಾರೂ ಬಿಡುವುದಿಲ್ಲ ಎಂದಿರಲಿಲ್ಲ. ನಾವು ಕೇಳಿಯೇ ಇರಲಿಲ್ಲ. ಆ ಹೊತ್ತಿನ ನಾಚಿಕೆಯನ್ನು ಹೇಗೆ ಹೇಳಲಿ. ಡಲ್ಲಾಸಿನಲ್ಲಿ ಆಗಿದ್ದು ಇದರ ಮುಂದೆ ಯಾವ ಲೆಕ್ಕಕ್ಕೂ ಇಲ್ಲ.

ಅಣ್ಣ ಒಳಗೆ ಬಂದ. "ಶನಿವಾರ ಸ್ಲಾಟ್ ಸಿಕ್ಕೈತಿ. ಕ್ರಿಮೇಶನ್. ಹಿಂದೂ ಪದ್ಧತಿ ಎಲ್ಲಾ ಅವರಿಗೆ ಗೊತ್ತೈತಿ" ಎಂದ.

"ಅಪ್ಪನ್ನ ಸುಡಾಂಗಿಲ್ಲ" ಎಂದೆ. ಟೇಲರಿನ ರಸ್ತೆಬದಿಯಲ್ಲಿ ಅವನು ಹೇಳಿದ್ದನ್ನು ಹೇಳಿದೆ. ಅಣ್ಣ ಗೋಡೆಗೆ ಒರಗಿ ನಿಂತ. ಬೆಳಗಿನಿಂದ ಎಲ್ಲವನ್ನೂ ನಿಭಾಯಿಸಿದ್ದ ಅವನ ಮುಖ ಆಗ ಒಮ್ಮೆಲೇ ಇಳಿಯಿತು.

"ನನ್ನ ಮನ್ಯಾಗ ಇಷ್ಟು ವರ್ಷ ಇದ್ದ. ನನಗ ಯಾಕ ಹೇಳಲಿಲ್ಲ?"

"ನೀ ಬದುಕಿದ್ದವರ ಡಾಕ್ಟರು ಅಂದ."

"ಮತ್ತ ನೀ? ನೀ ಯಾಕ ಹೇಳಲಿಲ್ಲ?"

ನಾನು ಅಪ್ಪನ ಚಾದರ ಸರಿಪಡಿಸತೊಡಗಿದೆ. ಅಣ್ಣ ಸಿಟ್ಟಿನಲ್ಲಿ ಇನ್ನೂ ಒಂದು ಮಾತಾಡಿದ. ಇಲ್ಲಿ ಯಾರು ಕೂರಿಸುತ್ತಾರೆ, ಸ್ಮಶಾನದವರು ಕಾಂಕ್ರೀಟಿನ ತೊಟ್ಟಿಯಲ್ಲಿ ಪೆಟ್ಟಿಗೆ ಇಟ್ಟು ಮಲಗಿಸುತ್ತಾರೆ, ಇದು ನಿನ್ನ ಥೀಸಿಸ್ ಅಲ್ಲ, ನಮ್ಮ ಅಪ್ಪ ಎಂದ. ಆ ಕೊನೆಯ ಮಾತು ಅವನಿಗೂ ಚುಚ್ಚಿರಬೇಕು. ಹೊರಗೆ ಹೋಗಿ ನಿಂತ. ಸ್ವಲ್ಪ ಹೊತ್ತಿನ ಮೇಲೆ ಹುಬ್ಬಳ್ಳಿಯ ಅಂಕಲ್‌ಗೆ ಫೋನು ಹಚ್ಚಿದ್ದು ಅವನೇ. ಅಂಕಲ್ ಒಂದು ಮಾತೂ ಹೆಚ್ಚು ಕೇಳಲಿಲ್ಲ. "ಹೊಲ ಐತಿ, ಬರ್ರಿ" ಎಂದರು. ಸ್ವಂತ ಜಮೀನಿನಲ್ಲಿ ಮಣ್ಣು ಮಾಡಲು ಆ ಕೌಂಟಿಯಲ್ಲಿ ಅಡ್ಡಿಯಿಲ್ಲ ಎಂಬುದನ್ನೂ ಅವರೇ ವಿಚಾರಿಸಿ ತಿಳಿಸಿದರು.

ಫ್ಯುನರಲ್ ಹೋಮಿನ ಯಜಮಾನ ಬೂಟು, ದೊಡ್ಡ ಬೆಲ್ಟು ತೊಟ್ಟ ಟೆಕ್ಸಸ್ಸಿನ ಆಳು. ನನ್ನ ಕೆಲಸವೇನೆಂದು ವೈನಿಯಿಂದ ಹೇಗೋ ತಿಳಿದಿತ್ತು. ಹೆಣ ಕೆಡದಂತೆ ಔಷಧಿ ತುಂಬುವ ಎಂಬಾಮಿಂಗ್ ಮಾಡಿಸುತ್ತೀರಾ ಎಂದು ಕೇಳಿ, ಆ ವಿಷಯ ನನಗಿಂತ ನಿಮಗೇ ಚೆನ್ನಾಗಿ ಗೊತ್ತಿರಬೇಕಲ್ಲ ಮೇಡಂ ಎಂದು ಮೆಲ್ಲಗೆ ನಕ್ಕ. ಪಾರ್ಟಿಗಳಲ್ಲಿ ಈ ಮಾತಿಗೆ ನಾನೇ ಮೊದಲು ನಗುತ್ತಿದ್ದೆ. ಬೇಡ ಎಂದೆ. ಕೂರಿಸಬೇಕು ಎಂದಾಗ ಅವನು ಗಲ್ಲ ತುರಿಸಿಕೊಂಡು ಯೋಚಿಸಿದ. ಬಿಗಿತ ನಾಡಿದ್ದಿನ ಹೊತ್ತಿಗೆ ಬಿಡುತ್ತದೆ, ತಣ್ಣಗಿಟ್ಟಿರುತ್ತೇವೆ, ಆಮೇಲೆ ನೀವು ಬಂದು ನಿಮ್ಮ ಕೈಯಾರೆ ಮಾಡಬಹುದು ಎಂದ. ತನ್ನ ಅಜ್ಜಿಯನ್ನೂ ಸ್ವಂತ ಜಮೀನಿನಲ್ಲೇ ಹೂತದ್ದು ಎಂದೂ ಹೇಳಿದ. ಬಿಗಿತ ಬಿಡುವ ವಿಷಯ ನನಗೂ ಗೊತ್ತಿತ್ತು. ಆದರೆ ಅವನ ಬಾಯಿಂದ ಬಂದಾಗ, ಕಳೆದುಕೊಂಡದ್ದನ್ನು ಯಾರೋ ಹುಡುಕಿ ಕೊಟ್ಟಂತಾಗಿ ಅವನ ಮುಂದೆಯೇ ಅತ್ತುಬಿಟ್ಟೆ.

ಮೂರನೆಯ ದಿನ ಅಣ್ಣ, ನಾನು ಇಬ್ಬರೇ ಅಪ್ಪನಿಗೆ ಸ್ನಾನ ಮಾಡಿಸಿದೆವು. ಅಷ್ಟು ವರ್ಷ ಗೋರಿಗಳಲ್ಲಿ ಅಡ್ಡಾಡಿದವಳು, ಸತ್ತ ಮೈಯನ್ನು ಎತ್ತಿ ಹಿಡಿದದ್ದು ಅದೇ ಮೊದಲು. ಸ್ನಾನವಾದ ಮೇಲೆ ನಾನು ಚೊಂಬು ಹಿಡಿದುಕೊಂಡೇ ನಿಂತೆ. ಅಣ್ಣನೇ ಮೊಣಕಾಲನ್ನು ಮೆಲ್ಲಗೆ ಮಡಚಿದ, ಮಕ್ಕಳಿಗೆ ಚಡ್ಡಿ ಹಾಕುವಾಗ ಮಾತಾಡಿಸುವ ಹಾಗೆ "ಇಷ್ಟ, ಆತು, ಇನ್ನೊಂದು" ಎನ್ನುತ್ತ. ಧೋತರ ಉಡಿಸಿ, ಕೋಟು ತೊಡಿಸಿ, ಬಟ್ಟೆಯಿಂದ ಬೆನ್ನಿಗೆ ಆಸರೆ ಕಟ್ಟಿ, ಅಂಕಲ್ ಮಾಡಿಸಿ ಕಳಿಸಿದ್ದ ಕಟ್ಟಿಗೆ ಕುರ್ಚಿಯಲ್ಲಿ ಕೂರಿಸಿದೆವು. ಆಸ್ಪತ್ರೆಯವರು ತೆಗೆದು ಪ್ಲಾಸ್ಟಿಕ್ ಚೀಲದಲ್ಲಿ ಕೊಟ್ಟಿದ್ದ ಲಿಂಗವನ್ನು ಬೆಳ್ಳಿ ಕರಡಿಗೆಯ ಸಮೇತ ಮತ್ತೆ ಕೊರಳಿಗೆ ಹಾಕಿದೆವು. ಟೊಪ್ಪಿಗೆ ಇಟ್ಟ ಮೇಲೆ ಅವನು ಯಾವುದೋ ಸಭೆಯ ಮೊದಲ ಸಾಲಿಗೆ ಹೊರಟವನಂತೆ ಕಂಡ. ನಾನು ಮುಖ ತಿರುಗಿಸಿದೆ.

ಹೊಲದಲ್ಲಿ ಹತ್ತಿ ಕಾಯಿ ಒಡೆಯುತ್ತಿತ್ತು. ಬಿಸಿಲಿಗೆ ಎರೆಮಣ್ಣು ನಮ್ಮೂರಿನ ಬೇಸಿಗೆಯಂತೆಯೇ ಕೈ ಹೋಗುವಷ್ಟು ಬಿರುಕು ಬಿಟ್ಟಿತ್ತು. ಲಾವಣಿಯ ರೈತ ಯಂತ್ರದಿಂದ ಕುಣಿ ತೋಡಿಕೊಟ್ಟಿದ್ದ. ಗೂಡನ್ನು ಮಾತ್ರ ಕೈಯಿಂದಲೇ ಕೊರೆಯಬೇಕಿತ್ತು. ಕ್ರಿಯೆ ಮಾಡಿಸುವ ಗದಗಿನ ಅಯ್ಯನವರು ಫೋನಿನ ಪರದೆಯಲ್ಲಿ ಕಾಣಿಸಿಕೊಂಡು ಯಾವ ದಿಕ್ಕಿಗೆ ಮುಖ, ಎಷ್ಟು ಎತ್ತರ ಎಂದು ಹೇಳುತ್ತಿದ್ದರು. ನೆರೆದವರೆಲ್ಲ ನನ್ನ ಕಡೆ ನೋಡಿದರು. ವಿದ್ಯಾರ್ಥಿಯಾಗಿದ್ದಾಗಲಾದರೂ ಅಗೆಯುವುದನ್ನು ಕಲಿತವಳು ಅಲ್ಲಿ ನಾನೊಬ್ಬಳೇ. ಸಲ್ವಾರು ಮೇಲೆತ್ತಿ ಕಟ್ಟಿ ಇಳಿದೆ. ಮಣ್ಣು ಅಂಟಂಟಾಗಿ, ಕೊರೆದಂತೆ ನಿಲ್ಲುತ್ತಿತ್ತು. ಜೀವನದಲ್ಲಿ ಅಷ್ಟು ಚೆಂದದ ಕೆಲಸ ನಾನು ಮಾಡಿಲ್ಲ. ಮೂಲೆಗಳನ್ನು ನೇರ ಮಾಡಿದೆ, ಮೇಲ್ಭಾಗಕ್ಕೆ ಕಮಾನು ಕೊಟ್ಟೆ. ದೀಪಾವಳಿಯಂದು ನನ್ನ ಕೈ ನೋಡಿದ ಆಂಟಿ ಮೇಲಿನಿಂದ ನೀರಿನ ಬಾಟಲಿ ಚಾಚಿ, "ಕುಡೀರಿ, ಬೆವೆತಿದೀರ" ಎಂದರು.

ಅಪ್ಪನನ್ನು ಇಳಿಸಿದರು. ಅಣ್ಣ, ನಾನು ಕೆಳಗಿನಿಂದ ಹಿಡಿದು ಗೂಡಿನಲ್ಲಿ ಕೂರಿಸಿದೆವು. ಕರಡಿಗೆಯಿಂದ ಲಿಂಗ ತೆಗೆದು ಎಡ ಅಂಗೈಯಲ್ಲಿಟ್ಟೆವು. ವಿಭೂತಿ, ಬಿಲ್ವಪತ್ರಿ, ಮೂಟೆಗಟ್ಟಲೆ ಉಪ್ಪು. ಅಯ್ಯನವರ ಮಂತ್ರ ಫೋನಿನಲ್ಲಿ ಕಡಿದು ಕಡಿದು ಬರುತ್ತಿತ್ತು. ಆ ಹೊತ್ತಿನಲ್ಲಿ ನನ್ನ ತಲೆ ತನ್ನ ಪಾಡಿಗೆ ಕೆಲಸ ಶುರು ಮಾಡಿತು. ವಯಸ್ಕ ಪುರುಷ. ಕಾಲು ಮಡಚಿದ ಭಂಗಿ. ಮುಖ ಪೂರ್ವಕ್ಕೆ. ಎಡಗೈಯಲ್ಲಿ ಕಲ್ಲಿನ ವಸ್ತು. ಸುತ್ತ ಉಪ್ಪು, ಈಜಿಪ್ಟಿನ ಪದ್ಧತಿಗೆ ಹೋಲಿಸಿ ನೋಡುವುದು.

ನಿಲ್ಲಿಸಲು ನೋಡಿದೆ, ನಿಲ್ಲಲಿಲ್ಲ. ಅಪ್ಪನ ಮುಖ ಅಷ್ಟು ಹತ್ತಿರವಿತ್ತು, ಮೂಗಿನ ಮೇಲಿನ ಚಿಕ್ಕ ಗಾಯದ ಗುರುತೂ ಕಾಣುತ್ತಿತ್ತು, ಕೊನೆಯ ಸಲ ನೋಡಿಕೊಳ್ಳಬೇಕಾದ ನಾನು ಮನಸ್ಸಿನಲ್ಲೇ ವರದಿ ಬರೆಯುತ್ತಿದ್ದೆ. ಅವನನ್ನು ನೋಡಿದ್ದಕ್ಕಿಂತ ಗಮನಿಸಿದ್ದೇ ಹೆಚ್ಚು. ನನಗೆ ಇದಕ್ಕಿಂತ ದೊಡ್ಡ ನಾಚಿಕೆ ಬದುಕಿನಲ್ಲಿ ಆಗಿಲ್ಲ, ಮತ್ತು ಅದು ಇನ್ನೊಬ್ಬರಿಗೆ ಕಾಣುವಂಥದ್ದೂ ಆಗಿರಲಿಲ್ಲ. ಅಣ್ಣ ಕೈ ಚಾಚಿ ನನ್ನನ್ನು ಮೇಲೆ ಎಳೆದುಕೊಂಡ. ಎಲ್ಲರೂ ಒಂದೊಂದು ಹಿಡಿ ಮಣ್ಣು ಹಾಕಿದರು, ಉಳಿದದ್ದನ್ನು ಸಲಿಕೆಯಿಂದ ಎಳೆದರು.

ಜನ ಅಂಕಲ್ ಮನೆಯ ಕಡೆ ನಡೆದ ಮೇಲೆ ಅಣ್ಣ, ನಾನು, ಅಂಕಲ್ ಅಲ್ಲಿಯೇ ಉಳಿದೆವು. ದಿಬ್ಬವನ್ನು ಅಂಕಲ್ ಸಲಿಕೆಯ ಬೆನ್ನಿನಿಂದ ತಟ್ಟುತ್ತಿದ್ದರು. ಕಲ್ಲಿನ ಮಾತು ಎತ್ತಿದ್ದು ಅವರೇ.

"ಒಂದು ಕರೀ ಕಲ್ಲು ನಿಲ್ಲಸೂಣ್ರಿ. ಕನ್ನಡದಾಗ ಹೆಸರು, ಊರು, ಎಲ್ಲಾ ಚೊಲೋತ್ನಂಗ ಕೆತ್ತಸೂಣು. ಸಾವಿರ ವರ್ಷ ಇರಬೇಕು ನೋಡ್ರಿ."

ಅಣ್ಣ ಹೌದೆಂದು ತಲೆಯಾಡಿಸಿದ. "ಏನು ಬರಸೂದು ಅನ್ನೂದು ತಂಗಿ ಹೇಳ್ತಾಳ. ಆಕೀಗೆ ಗೊತ್ತಿರ್ತೈತಿ" ಎಂದು ನನ್ನ ಕಡೆ ನೋಡಿದ. ಅವನು ನನ್ನ ಕೆಲಸದ ಬಗ್ಗೆ ಹೆಮ್ಮೆಯಿಂದ ಮಾತಾಡಿದ್ದು ಅದೇ ಮೊದಲು.

"ಕಲ್ಲು ಬ್ಯಾಡ. ಹೆಸರೂ ಬ್ಯಾಡ. ಬಿತ್ತಿಬಿಡ್ರಿ ಅಂಕಲ್, ಮುಂದಿನ ವರ್ಷ ಇದರ ಮ್ಯಾಲೂ ಹತ್ತಿ ಬಿತ್ತಸ್ರಿ" ಎಂದೆ.

ಅಂಕಲ್ ಸಲಿಕೆ ನಿಲ್ಲಿಸಿ ನನ್ನನ್ನೇ ನೋಡಿದರು. ಗುರುತಿಲ್ಲದೆ ಬಿಡುವುದು ಎಲ್ಲಿಯಾದರೂ ಉಂಟೇ ಎಂದು ಅವರ ಮುಖವೇ ಕೇಳುತ್ತಿತ್ತು. ಅಣ್ಣ ಬಾಯಿಬಿಟ್ಟೇ ಕೇಳಿದ.

"ಯಾಕ? ಅಪ್ಪಗ ಒಂದು ಹೆಸರೂ ಇರಬಾರದೇನ?"

"ಹೆಸರು ಬರೆದರ ನನ್ನಂಥಾಕಿ ಒಬ್ಬಾಕಿ ಓದಕೋಂತ ಬರತಾಳ" ಎಂದೆ.